ಮಾತಾಡದ ದೊಡ್ಡವ್ವನ ಜೊತೆ ಲೋಕಲ್ ಗಾಡಿಯಲ್ಲಿ

ಮುಂಬಯಿಗೆ ಹೋಗಿ ಬಂದವರನ್ನು ಊರಲ್ಲಿ ಎಲ್ಲರೂ ಸಮುದ್ರದ ಬಗ್ಗೆ ಕೇಳುತ್ತಾರೆ. ನಾನು ಸಮುದ್ರ ನೋಡಲಿಲ್ಲ. ಸಿನಿಮಾದವರ ಬಂಗಲೆಯನ್ನೂ ನೋಡಲಿಲ್ಲ. ನಾನು ನೋಡಿದ್ದು ರೈಲಿನ ಹಳಿ, ಅದೂ ಬಹಳ ಹತ್ತಿರದಿಂದ. ಅದನ್ನೇ ಹೇಳುತ್ತೇನೆ.

ಸೊಲ್ಲಾಪುರ

ಬೈಕುಲ್ಲಾದಿಂದ ಗಂಗಕ್ಕ ತಂತಿ ಕೊಟ್ಟಿದ್ದಳು. ಅವಳ ಗಂಡ ಮಲ್ಲಪ್ಪ ಮಾವನಿಗೆ ಕಾಮಣಿ ಆಗಿತ್ತು. ಕಣ್ಣು, ಉಗುರು ಎಲ್ಲ ಹಳದಿ. ಗಂಗಕ್ಕ ನನ್ನ ದೊಡ್ಡವ್ವನ ಮಗಳು. ದೊಡ್ಡವ್ವ ಅಂದರೆ ನನ್ನ ತಾಯಿಯ ಅಕ್ಕ, ಹೆಸರು ನೀಲವ್ವ. ಕಾಮಣಿಗೆ ಸೊಪ್ಪಿನ ಔಷಧ ಕೊಡುವವಳು. ಬಾಗಲಕೋಟೆ ಕಡೆಯ ನಮ್ಮ ಹಳ್ಳಿಗೆ ದೂರದೂರದಿಂದ ಜನ ಅವಳನ್ನು ಹುಡುಕಿಕೊಂಡು ಬರುತ್ತಾರೆ. ಅಳಿಯನಿಗೇ ಕಾಮಣಿ ಆದ ಮೇಲೆ ಅವಳು ಹೋಗಲೇಬೇಕಿತ್ತು.

ಅವಳೊಬ್ಬಳನ್ನೇ ಕಳಿಸುವ ಹಾಗಿರಲಿಲ್ಲ. ಓದು ಬರಹ ಇಲ್ಲ, ಹಿಂದಿ ಇಲ್ಲ, ಬಾಗಲಕೋಟೆ ದಾಟಿದವಳಲ್ಲ. ನಾನು ಹಿಟ್ಟಿನ ಗಿರಣಿಯಲ್ಲಿ ಕೆಲಸ ಮಾಡುವವ, ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವ. ಆದರೆ ಗಿರಣಿ ಮಾಲಕನ ಜೊತೆ ಒಮ್ಮೆ ಸೊಲ್ಲಾಪುರಕ್ಕೆ ಹೋಗಿದ್ದೆ. ಅಷ್ಟಕ್ಕೇ ಮನೆಯಲ್ಲಿ ನಾನು ಲೋಕ ಕಂಡವ ಆಗಿದ್ದೆ.

ಸೊಲ್ಲಾಪುರದಲ್ಲಿ ಸಣ್ಣ ಗಾಡಿ ಇಳಿದು ದೊಡ್ಡ ಗಾಡಿ ಹತ್ತಬೇಕು. ಅಲ್ಲಿಂದಲೇ ನನಗೆ ಹೆದರಿಕೆ ಶುರುವಾಯಿತು. ದೊಡ್ಡವ್ವ ನನ್ನ ಅಂಗಿಯ ಹಿಂದಿನ ತುದಿ ಹಿಡಿದುಕೊಂಡೇ ಗಾಡಿ ಹತ್ತಿದಳು, ಹಿಡಿದುಕೊಂಡೇ ಕೂತಳು. ಎದುರಿಗೆ ವಿಜಾಪುರದ ಒಬ್ಬ ಗೌಂಡಿ ಕೂತಿದ್ದ. ಮುಂಬಯಿಯಲ್ಲಿ ಬಿಲ್ಡಿಂಗ್ ಕಟ್ಟುವ ಕೆಲಸಕ್ಕೆ ಹೋಗುವವ. ಅವನಿಗೆ ಇದು ತಮಾಷೆ.

"ಏ ತಮ್ಮಾ, ಅಂಗಿ ಹರದೀತು ನೋಡು. ಆಯಿ ಕೊಳ್ಳಾಗ ಒಂದು ಪಾಟಿ ಕಟ್ಟು, ನಿನ್ನ ಹೆಸರು, ಊರು ಬರದು."

"ಯಾಕ, ಆಕಿ ಏನು ಆಕಳೇನು?" ಅಂದೆ.

"ಆಕಳಾದ್ರ ಸಿಗ್ತೈತಪಾ. ಬೊಂಬಾಯ್ದಾಗ ಮನಶ್ಯಾ ಕೈ ಬಿಟ್ರ ಮುಗೀತು. ನಮ್ಮ ಸಂಗಾಟದಾಂವ ಒಬ್ಬ ಚಾ ಕುಡದು ಬರ್ತೀನಂತ ಹೋದ. ಇನ್ನೂ ಕುಡ್ಯಾಕತ್ತಾನ."

ಡಬ್ಬಿಯಲ್ಲಿದ್ದವರೆಲ್ಲ ನಕ್ಕರು. ದೊಡ್ಡವ್ವನೂ ನಕ್ಕಳು. ನಾನು ನಗಲಿಲ್ಲ. ಅವಳ ಕೈ ನನ್ನ ಅಂಗಿಯ ಮೇಲೆ ಬಿಗಿಯಾದದ್ದು ಬೆನ್ನಿಗೆ ತಿಳಿಯುತ್ತಿತ್ತು.

ಬೈಕುಲ್ಲಾ

ಮಲ್ಲಪ್ಪ ಮಾವ ಭಾಜಿ ಮಾರ್ಕೆಟ್ಟಿನಲ್ಲಿ ಹಮಾಲ. ಮನೆ ಒಂದು ಹಳೇ ಚಾಳಿನ ಮೇಲಿನ ಮಹಡಿಯಲ್ಲಿ. ಒಂದೇ ಖೋಲಿ. ಅದರಲ್ಲೇ ಒಲೆ, ಅದರಲ್ಲೇ ಹಾಸಿಗೆ, ಮೂಲೆಯಲ್ಲಿ ಮೋರಿ. ನಮ್ಮೂರಲ್ಲಿ ಎತ್ತು ಕಟ್ಟುವ ಜಾಗ ಇದಕ್ಕಿಂತ ದೊಡ್ಡದು. ಪಕ್ಕದ ಖೋಲಿಯವರು ಕೆಮ್ಮಿದರೆ ನಮ್ಮ ಗೋಡೆ ಅಲ್ಲಾಡುತ್ತಿತ್ತು. ಗುರುತಿಲ್ಲದವರು ಬಾಗಿಲಲ್ಲಿ ನಿಂತು, ಒಳಗೆ ಇಣುಕಿ, ಮಾವನ ಕಣ್ಣು ನೋಡಿ, ಏನೋ ಹೇಳಿ ಹೋಗುತ್ತಿದ್ದರು. ಅದನ್ನು ಅಲ್ಲಿ ಯಾರೂ ತಪ್ಪು ತಿಳಿಯುವುದಿಲ್ಲ.

ಮೂಟೆ ಹೊತ್ತರೂ ಬೆನ್ನು ಬಗ್ಗದ ಮಾವ ಗೋಡೆಗೆ ಒರಗಿ ಬಟ್ಟೆಯ ಗಂಟಿನ ಹಾಗೆ ಕೂತಿದ್ದ. ದವಾಖಾನೆಯ ಗುಳಿಗೆ ನಡೆದಿತ್ತು. ದೊಡ್ಡವ್ವ ಅವನ ಕಣ್ಣಿನ ರೆಪ್ಪೆ ಎಳೆದು ನೋಡಿದಳು. "ಗುಳಿಗಿ ಬಿಡಬ್ಯಾಡ. ನಂದೂ ತಗೋ," ಅಂದಳು. ಅಷ್ಟೇ. ಅವಳ ಮುಖ ನೋಡಿ ನನಗೆ ಭಯವಾಯಿತು. ಊರಲ್ಲಿ ರೋಗಿಯ ಮುಂದೆ ಅವಳು ಬೈಗುಳ, ನಗೆ ಎಲ್ಲ ಮಾಡುತ್ತಾಳೆ. ಅವತ್ತು ಏನೂ ಇಲ್ಲ.

ಅಷ್ಟರಲ್ಲಿ ವಸಂತ ಬಂದ. ಇವನ ಬಗ್ಗೆ ಹೇಳಬೇಕು. ಟಾಕೀಸಿನಲ್ಲಿ ಸಿನಿಮಾಕ್ಕೆ ಮೊದಲು ಒಂದು ಸಣ್ಣ ಚಿತ್ರ ತೋರಿಸುತ್ತಾರಲ್ಲ, ಅಣೆಕಟ್ಟು, ಕುರಿ ಸಾಕಣೆ ಅಂತ, ಜನ ಬೀಡಿ ಸೇದಲು ಹೊರಗೆ ಹೋಗುತ್ತಾರಲ್ಲ, ಅಂಥ ಚಿತ್ರ ತೆಗೆಯುವವನು ಇವನು. ತಂದೆ ತಾಯಿ ಧಾರವಾಡದವರು, ಇವನು ಹುಟ್ಟಿದ್ದು ಬೆಳೆದದ್ದು ಮುಂಬಯಿ. ಹಳ್ಳಿ ಔಷಧದವರ ಚಿತ್ರ ಮಾಡುತ್ತೇನೆ ಅಂತ ಹಿಂದಿನ ವರ್ಷ ನಮ್ಮೂರಿಗೆ ಬಂದಿದ್ದ. ಎಲುಬು ಕೂಡಿಸುವವನನ್ನು ತೆಗೆದ, ಚೇಳಿನ ವಿಷ ಇಳಿಸುವವನನ್ನು ತೆಗೆದ. ದೊಡ್ಡವ್ವ ಮಾತ್ರ ಒಪ್ಪಲಿಲ್ಲ. ರೋಗಿ ಇಲ್ಲದೆ ಸುಮ್ಮನೆ ತೋರಿಸಲಿಕ್ಕೆ ಗಿಡ ಕೀಳುವುದಿಲ್ಲ ಅಂದುಬಿಟ್ಟಳು. ರೋಗಿ ಸಿಕ್ಕಾಗ ತಿಳಿಸಿ ಅಂತ ನಮಗೂ, ಮುಂಬಯಿಯಲ್ಲಿ ಗಂಗಕ್ಕನಿಗೂ ಹೇಳಿಟ್ಟಿದ್ದ. ಗಂಗಕ್ಕ ತಿಳಿಸಿದ್ದಳು. ಈಗ ಮಾವನ ಹಳದಿ ಕಣ್ಣು ನೋಡಿ ಅವನ ಮುಖ ಅರಳಿತು. ನನಗೆ ಒದೆಯಬೇಕು ಅನ್ನಿಸಿತು.

"ದೊಡ್ಡಮ್ಮಾ, ಈ ಟೈಮ್ ಪೂರಾ ಶೂಟ್ ಮಾಡ್ತೀನಿ. ಗಿಡ ಕೀಳೋದು ಸೇ ಲೇಕೆ ಮೆಡಿಸಿನ್ ಕೊಡೋದು ತಕ್. ನಿಮ್ಮದು ನಾಲೆಜ್ ಪ್ರಿಸರ್ವ್ ಮಾಡ್ಬೇಕು."

"ಏನು ಮಾಡಬೇಕಂತ?" ದೊಡ್ಡವ್ವ ನನ್ನ ಕಡೆ ನೋಡಿದಳು. ನನಗೇನು ಗೊತ್ತು?

ವಸಂತ ಶಬ್ದ ಹುಡುಕಿದ. "ಪ್ರಿಸರ್ವ್ ಅಂದ್ರೆ... ಕೆಡಬಾರದು ಹಂಗೆ ಇಡೋದು. ಅಚಾರ್ ಇಡ್ತೀರಲ್ಲಾ, ಹಂಗೆ."

"ಯವ್ವಾ! ನನ್ನ ಉಪ್ಪಿನಕಾಯಿ ಹಾಕ್ತಾನಂತ," ಅಂದಳು ದೊಡ್ಡವ್ವ. ಮಾವನೂ ನಕ್ಕ, ನಕ್ಕು ಸುಸ್ತಾಗಿ ಕಣ್ಣು ಮುಚ್ಚಿದ.

ಆಮೇಲೆ ಅವಳು ಕಟ್ಟಳೆ ಹೇಳಿದಳು. ಅದನ್ನು ಇಲ್ಲಿ ಹೇಳದಿದ್ದರೆ ಮುಂದಿನದು ನಿಮಗೆ ಅರ್ಥವಾಗುವುದಿಲ್ಲ. ಗಿಡವನ್ನು ಬೆಳಗಿನ ಹೊತ್ತು ಕೀಳಬೇಕು. ಕಿತ್ತ ಮೇಲೆ ಮುಷ್ಟಿಯಲ್ಲಿ ಹಿಡಿದು ತರಬೇಕು, ಮುಷ್ಟಿ ಬಿಚ್ಚಬಾರದು. ಔಷಧ ಕೊಡುವ ತನಕ ಯಾರ ಜೊತೆಗೂ ಮಾತಿಲ್ಲ, ಬಾಯಿಂದ ಬರುವ ಮೊದಲ ಮಾತು ರೋಗಿಗೇ ಆಗಬೇಕು. ಹಿಂದಿನಿಂದ ಯಾರು ಕರೆದರೂ ತಿರುಗಿ ನೋಡಬಾರದು. ತಿರುಗಿದರೆ ಔಷಧ ಸತ್ತಿತು, ಮತ್ತೆ ಆ ರೋಗಿಗೆ ಅದು ಹತ್ತುವುದಿಲ್ಲ. ಗಿಡದ ಹೆಸರು ಯಾರಿಗೂ ಹೇಳುವುದಿಲ್ಲ.

"ಹೆಸರು ಹೇಳ್ಬೇಡಿ. ಕ್ಯಾಮೆರಾಗೆ ಗಿಡ ತೋರ್ಸಿ, ಬಸ್," ಅಂದ ವಸಂತ.

"ನಿನ್ನ ಮಿಶನ್ನಿಗೆ ಬಾಯಿ ಐತೇನು?"

"ಇಲ್ಲ ದೊಡ್ಡಮ್ಮಾ, ಕಿವಿಯೂ ಇಲ್ಲ. ಸೈಲೆಂಟ್ ಕ್ಯಾಮೆರಾ. ಬರೀ ಕಣ್ಣು."

"ಕಣ್ಣು ಕಂಡದ್ದನ್ನ ಬಾಯಿ ಹೇಳೇ ಹೇಳ್ತೈತಿ. ನನ್ನ ಬೆನ್ನ ತೆಗಿ. ಮುಷ್ಟಿ ತೆಗಿ. ಒಳಗಿಂದು ಬ್ಯಾಡ."

ವಸಂತನಿಗೆ ಬೇಸರವಾಯಿತು. ಕೆಳಗೆ ಹೋಗುವಾಗ ಮೆಟ್ಟಿಲಲ್ಲಿ ನನ್ನನ್ನು ಹಿಡಿದುಕೊಂಡ. "ಯಮನೂರಿ, ಇವ್ರ ನಂತರ ಯಾರಿಗೆ ಗೊತ್ತು ಇದು?"

"ಯಾರಿಗೂ ಇಲ್ಲ," ಅಂದೆ.

"ಮಗಳಿಗೆ?"

"ಇಲ್ಲ. ಮಗಳು ಬೇರೆ ಮನಿಗೆ ಹೋದಾಕಿ ಅಂತಾಳ."

"ನಿಂಗೆ?"

"ನಾ ಕೇಳಿಲ್ಲ." ನಿಜವಾಗಿ ನಾನು ಅದನ್ನೆಲ್ಲ ನಂಬುತ್ತಿರಲಿಲ್ಲ. ಸೊಪ್ಪು ಸೊಪ್ಪೇ, ಮಾತಾಡಿದರೇನು, ಬಿಟ್ಟರೇನು ಅಂತ ನನ್ನ ಲೆಕ್ಕ.

ಘಾಟ್ಕೋಪರ್

ಬೈಕುಲ್ಲಾದಲ್ಲಿ ಗಿಡ ಎಲ್ಲಿಂದ ಬರಬೇಕು? ಕಲ್ಲು, ಡಾಂಬರು, ಗಟಾರ. ಘಾಟ್ಕೋಪರ್ ಕಡೆ ಗುಡ್ಡ ಇದೆ ಅಂತ ಮಾವ ಹೇಳಿದ. ಮೊದಲ ದಿನ ಮಧ್ಯಾಹ್ನ ವಸಂತ ನಮ್ಮನ್ನು ಲೋಕಲ್ ಗಾಡಿಯಲ್ಲಿ ಅಲ್ಲಿಗೆ ಕರೆದುಕೊಂಡು ಹೋದ. ಆ ಹೊತ್ತಿಗೆ ಗಾಡಿ ಖಾಲಿ ಇತ್ತು. ದೊಡ್ಡವ್ವ ಕಿಟಕಿಗೆ ಕೂತು ಗಿರಣಿಯ ಚಿಮಣಿಗಳನ್ನು ನೋಡುತ್ತ, "ಇಷ್ಟು ದೊಡ್ಡ ಒಲಿ ಮ್ಯಾಲ ಏನು ಬೇಯಿಸ್ತಾರೋ," ಅಂದಳು.

ಗುಡ್ಡದ ಮೇಲೆ ಬಹಳ ತಿರುಗಿ ಒಂದು ಕಡೆ ನಿಂತಳು. ನಮ್ಮನ್ನು ದೂರ ಕಳಿಸಿದಳು. ಸೆರಗಿನ ಗಂಟಿನಿಂದ ಅರಿಶಿನದ ಅಕ್ಕಿ ತೆಗೆದು ನೆಲಕ್ಕೆ ಹಾಕಿ ಕೈ ಮುಗಿದು ಏನೋ ಹೇಳಿದಳು. ಗಿಡಕ್ಕೆ ಕರೆ ಕೊಡುವುದು ಅದು. ನಾಳೆ ಬರುತ್ತೇನೆ, ನೀನು ನನ್ನ ಜೊತೆ ಬಾ ಅಂತ. ನಮ್ಮಲ್ಲಿ ಮದುವೆಗೆ ಬೀಗರನ್ನು ಕರೆಯುತ್ತಾರಲ್ಲ, ಹಾಗೆ.

ಮರುದಿನ ಬೆಳಿಗ್ಗೆ ನಾವು ನಾಲ್ಕು ಜನ. ದೊಡ್ಡವ್ವ, ನಾನು, ವಸಂತ, ಮತ್ತು ಕ್ಯಾಮೆರಾ ಹಿಡಿಯುವ ಡಿಸೋಜಾ. ಡಿಸೋಜಾ ಗೋವಾದವ, ಮಾತು ಕಡಿಮೆ. ಅವನ ಕ್ಯಾಮೆರಾಕ್ಕೆ ಗಡಿಯಾರದ ಹಾಗೆ ಕೀಲಿ ಕೊಡಬೇಕು. ಕೀಲಿ ಕೊಟ್ಟರೆ ಸ್ವಲ್ಪ ಹೊತ್ತು ಓಡುತ್ತದೆ, ಮತ್ತೆ ನಿಲ್ಲುತ್ತದೆ, ಮತ್ತೆ ಕೊಡಬೇಕು.

ದೊಡ್ಡವ್ವ ಗುಡ್ಡ ಹತ್ತಿದ್ದು, ಬಗ್ಗಿದ್ದು, ಎದ್ದದ್ದು, ಎಡಗೈ ಮುಷ್ಟಿ ಎದೆಗೆ ಹಿಡಿದು ಇಳಿದದ್ದು ಎಲ್ಲ ಅವನು ಹಿಂದಿನಿಂದ ತೆಗೆದ. ಆಗಲೇ ಅವಳ ಬಾಯಿ ಮುಚ್ಚಿಹೋಗಿತ್ತು. ಮಾತಾಡದ ದೊಡ್ಡವ್ವನನ್ನು ನಾನು ಅಷ್ಟು ಹೊತ್ತು ನೋಡಿದವನಲ್ಲ. ಬೇರೆ ಯಾರೋ ಹೆಂಗಸಿನ ಜೊತೆ ಹೋಗುತ್ತಿದ್ದ ಹಾಗಿತ್ತು.

ಘಾಟ್ಕೋಪರ್ ಸ್ಟೇಶನ್ನಿನಲ್ಲಿ ಆಫೀಸಿಗೆ ಹೋಗುವ ಜನ. ನಮ್ಮ ಕಡೆ ಇಷ್ಟು ಜನ ಕೂಡುವುದು ಜಗಳಕ್ಕೆ ಮಾತ್ರ. ಇಲ್ಲಿ ಯಾರೂ ಯಾರ ಮುಖ ನೋಡುವುದಿಲ್ಲ, ಎಲ್ಲರೂ ಗಾಡಿ ಬರುವ ದಿಕ್ಕಿಗೆ ನೋಡುತ್ತಾರೆ. ಗಾಡಿ ಬಂದರೆ ನಿಲ್ಲುವುದಕ್ಕೂ ಮೊದಲೇ ಮೈಮೇಲೆ ಬಿದ್ದು ಹತ್ತುತ್ತಾರೆ.

"ದೊಡ್ಡಮ್ಮ ಹತ್ತೋ ಶಾಟ್ ಬೇಕು. ಕ್ರೌಡ್ ಒಳಗೆ ಆ ಮುಷ್ಟಿ! ಯಮನೂರಿ, ನೀನು ಫ್ರೇಮ್ ಇಂದ ಹೊರಗೆ ನಿಲ್ಲು. ಶಾಟ್ ಮುಗಿದ್ ಮೇಲೆ ಓಡಿ ಹತ್ತು," ಅಂದ ವಸಂತ.

ನಾನು ಹೊರಗೆ ನಿಂತೆ. ಗಾಡಿ ಬಂತು. ದೊಡ್ಡವ್ವನನ್ನು ಹೆಂಗಸರ ಡಬ್ಬಿಯ ಮುಂದೆ ನಿಲ್ಲಿಸಿದ್ದೆವು. ಹಿಂದಿನ ಹೆಂಗಸರು ಅವಳನ್ನು ಒಳಗೆ ತಳ್ಳಿದರು. ಆಗ ಡಿಸೋಜಾನ ಕ್ಯಾಮೆರಾ ಕಿರ್ ಅಂತ ನಿಂತುಬಿಟ್ಟಿತು. ಕೀಲಿ ಮುಗಿದಿತ್ತು. ಅವನು ಗರಗರ ಕೀಲಿ ತಿರುಗಿಸತೊಡಗಿದ. ವಸಂತ "ಜಲ್ದಿ, ಜಲ್ದಿ" ಅಂತ ಅವನ ಮೇಲೆ ಬಗ್ಗಿದ. ನಾನೂ ಆ ಕೀಲಿಯನ್ನೇ ನೋಡುತ್ತ ನಿಂತೆ. ತಲೆ ಎತ್ತಿದರೆ ಗಾಡಿ ಹೊರಟಿದೆ. ಓಡಿದೆ. ಬಾಗಿಲಲ್ಲಿ ಜೋತುಬಿದ್ದವರ ಬೆನ್ನು ಬಿಟ್ಟು ನನ್ನ ಕೈಗೆ ಏನೂ ಸಿಗಲಿಲ್ಲ.

"ದೊಡ್ಡವ್ವಾ!" ಅಂತ ಒದರಿದೆ. ಕಿಟಕಿಯಲ್ಲಿ ಅವಳ ಇಳಕಲ್ಲ ಸೀರೆಯ ಕೆಂಪು ಸೆರಗು ಕಂಡಿತು. ಅವಳು ತಿರುಗಲಿಲ್ಲ.

ದಾದರ್

ಮುಂದಿನ ಗಾಡಿಯಲ್ಲಿ ಬೈಕುಲ್ಲಾಕ್ಕೆ ಬಂದೆವು. ಪ್ಲಾಟ್‌ಫಾರ್ಮಿನಲ್ಲಿ ಅವಳಿಲ್ಲ. ಹೊರಗೂ ಇಲ್ಲ. ಡಿಸೋಜಾನನ್ನು ಚಾಳಿಗೆ ಕಳಿಸಿ ನಾವಿಬ್ಬರು ನಿಂತೆವು. ದೊಡ್ಡವ್ವನಿಗೆ ಸ್ಟೇಶನ್ನಿನ ಹೆಸರು ಓದಲು ಬಾರದು, ಯಾರನ್ನೂ ಕೇಳುವ ಹಾಗಿಲ್ಲ, ಕೇಳಿದವರಿಗೆ ಹೇಳುವ ಹಾಗಿಲ್ಲ. ಇನ್ನೂ ಮುಂದೆ ಹೋಗಿರಬಹುದು, ನಡುವೆ ಎಲ್ಲೋ ಇಳಿದಿರಬಹುದು. ಆ ಗೌಂಡಿಯ ಮಾತು ತಲೆಯಲ್ಲಿ ಸುತ್ತತೊಡಗಿತು.

"ದಾದರ್‌ನಲ್ಲಿ ಅರ್ಧ ಗಾಡಿ ಇಳಿಯುತ್ತೆ. ಧಕ್ಕಾ ಕೊಟ್ಟು ಅವರ್ನೂ ಇಳಿಸಿರ್ತಾರೆ," ಅಂದ ವಸಂತ. ಚಿತ್ರದ ಮಾತು ಅವನ ಬಾಯಿಂದ ಹೋಗಿತ್ತು.

ದಾದರ್‌ಗೆ ವಾಪಸು ಬಂದೆವು. ಎಷ್ಟು ಪ್ಲಾಟ್‌ಫಾರ್ಮು, ಎಷ್ಟು ಸೇತುವೆ! ಒಂದರಿಂದ ಇನ್ನೊಂದಕ್ಕೆ ಓಡಿದೆ. ಇಳಕಲ್ಲ ಸೀರೆ ಉಟ್ಟ ಪ್ರತಿ ಮುದುಕಿಯ ಮುಂದೆ ಹೋಗಿ ಮುಖ ನೋಡಿದೆ. ಒಬ್ಬಳು ಬೈದಳು. ಕೊನೆಗೆ ಒಂದು ಚಹಾ ಸ್ಟಾಲಿನ ಮುಂದೆ ನಿಂತು ಅಳುವ ಹಾಗಾಯಿತು. ಸ್ಟಾಲಿನವನು ಉಡುಪಿ ಕಡೆಯವ. ನಾವು ಮಾತಾಡುವುದು ಕೇಳಿ ಹೊರಗೆ ಬಂದ.

"ಎಂತ ಆಯ್ತು ಮಾರಾಯ? ಮೊದಲು ನೀರು ಕುಡಿ. ಹೀಗೆ ಓಡಿದ್ರೆ ನೀನೂ ಕಾಣೆ ಆಗ್ತಿ."

ಹೇಳಿದೆ. ದೊಡ್ಡವ್ವ ಮಾತಾಡುವುದಿಲ್ಲ ಅಂದೆ. ಯಾಕೆ ಅಂತ ಹೇಳಲು ಹೊತ್ತಿರಲಿಲ್ಲ.

"ಮೈಕಲ್ಲಿ ಕರೆಯುವ. ಆಚೆ ಮೈಕಿನ ಬಾಬು ನನ್ನಲ್ಲೇ ಚಾ ಕುಡಿಯೂದು. ನಾನು ಹೇಳಿದ್ರೆ ಇಲ್ಲ ಅನ್ನುದಿಲ್ಲ. ನೀನೇ ಮಾತಾಡು, ನಿಮ್ಮ ಭಾಷೆ ನಂಗೂ ಅರ್ಧ ಅರ್ಥ ಆಗುದು," ಅಂದ.

ಮೈಕಿನ ಮುಂದೆ ನಿಂತು ಗಂಟಲು ಹರಿಯುವ ಹಾಗೆ ಕೂಗಿದೆ. "ದೊಡ್ಡವ್ವಾ, ನಾ ಯಮನೂರಿ ಅದೀನಿ. ಮುಂದ ಹೋಗಬ್ಯಾಡ. ಹೊಳ್ಳಿ ಬಾ. ಹಿಂದ ಬಾ, ಚಾದಂಗಡಿ ಹತ್ರ ಅದೀನಿ." ನನ್ನ ಧ್ವನಿ ಇಡೀ ದಾದರ್ ಸ್ಟೇಶನ್ನಿನಲ್ಲಿ ಗುಡುಗಿತು. ಜನ ನಕ್ಕದ್ದೂ ಕೇಳಿಸಿತು.

ಹೊರಗೆ ಬಂದು ಕಾದೆವು. ಬರಲಿಲ್ಲ. ಸೇತುವೆಯ ಕೆಳಗೆ ಹೂ ಮಾರುವ ಒಬ್ಬ ಮರಾಠಿ ಹೆಂಗಸು ಸ್ಟಾಲಿನವನನ್ನು ಕರೆದು ಏನೋ ಹೇಳಿದಳು. ಅವನು ಕೇಳಿಸಿಕೊಂಡು ನಮಗೆ ಹೇಳಿದ.

"ನಿಮ್ಮ ಅಮ್ಮ ಇಲ್ಲೇ ಕೂತಿದ್ರಂತೆ ಮಾರಾಯ, ಇವಳ ಬುಟ್ಟಿ ಹತ್ರ. ಮುಷ್ಟಿ ಬಿಚ್ಚು ಅಂತ ಯಾರೋ ಗಲಾಟೆ ಮಾಡಿದ್ರಂತೆ, ಕಳ್ಳಿ ಅಂತ. ಮುಕಿ ಆಹೆ ಬಿಚಾರಿ, ಬಾಯಿ ಬರುದಿಲ್ಲ ಅಂತ ಇವಳೇ ಅವರನ್ನ ಓಡಿಸಿದ್ದು. ಮೈಕಲ್ಲಿ ನೀನು ಕೂಗಿದ್ದೇ ತಡ, ಅಮ್ಮ ಗಡಗಡ ನಡುಗಿ ಎದ್ರಂತೆ. ಎದ್ದು ಆಚೆ ಹೋದ್ರಂತೆ."

"ಯಾವ ಕಡಿ?"

ಹೂವಿನವಳು ಪ್ಲಾಟ್‌ಫಾರ್ಮಿನ ತುದಿ ತೋರಿಸಿದಳು. ಗಾಡಿಗಳು ಬೈಕುಲ್ಲಾ ಕಡೆ ಹೋಗುವ ದಿಕ್ಕು. ಅಲ್ಲಿ ಇಳಿಜಾರು ಇದೆ, ಇಳಿದರೆ ಹಳಿ.

ಆಗ ನನಗೆ ಹೊಳೆಯಿತು. ಅವಳು ಕಾಯುತ್ತ ಕೂತಿದ್ದಳು. ನಾನು ಬರುತ್ತೇನೆ ಅಂತ ನಂಬಿ ಕೂತಿದ್ದಳು. ನಾನು ಮಾಡಿದ್ದೇನು? ಹಿಂದಿನಿಂದ ಹೆಸರು ಹಿಡಿದು ಕರೆದೆ. ಹೊಳ್ಳಿ ಬಾ, ಹಿಂದೆ ಬಾ ಅಂದೆ. ಗಿಡ ಹಿಡಿದವಳಿಗೆ ಯಾವುದು ಆಗಬಾರದೋ ಅದನ್ನೇ ಗುಡುಗಿನ ಧ್ವನಿಯಲ್ಲಿ ಎಲ್ಲ ದಿಕ್ಕಿನಿಂದ ಹೇಳಿದೆ. ಅವಳಿಗೆ ಅದು ಯಮನೂರಿಯ ದನಿ ಅನ್ನಿಸಿರಲಿಕ್ಕಿಲ್ಲ. ಯಾವುದೋ ಪೀಡೆ ನನ್ನ ದನಿ ಹಾಕಿಕೊಂಡು ಕರೆಯುತ್ತಿದೆ ಅನ್ನಿಸಿರಬೇಕು. ಅದರಿಂದ ದೂರ ಹೋಗಲು ಮುಂದೆ ನಡೆದಿದ್ದಾಳೆ. ಅಳಿಯ ಇರುವ ದಿಕ್ಕು ಅದು, ಅವಳಿಗೆ ಗೊತ್ತಿದ್ದದ್ದು ಅಷ್ಟೇ.

"ಅವ್ರ ಹಿಂದೆ ಓಡೋಣ, ನಡೀ," ಅಂದ ವಸಂತ.

"ಬ್ಯಾಡ," ಅಂದೆ. "ಹಿಂದ ಹೋದ್ರ ಆಕಿ ಇನ್ನೂ ಓಡ್ತಾಳ. ಮುಂದಿಂದ ಬರಬೇಕು. ಇದರ ಮುಂದಿನ ಟೇಶನ್ ಯಾವುದು?"

ಪರೇಲ್

ಮುಂದಿನದು ಪರೇಲ್. ಗಾಡಿಯಲ್ಲಿ ಹೋಗುವಾಗ ನಾನು ಬಾಗಿಲಿಗೆ ಜೋತು ಹಳಿಯನ್ನೇ ನೋಡಿದೆ. ಎದುರು ಗಾಡಿ ಬಂದು ಮುಚ್ಚಿತು. ಏನೂ ಕಾಣಲಿಲ್ಲ.

ಪರೇಲಿನಲ್ಲಿ ಇಳಿದ ಕೂಡಲೇ ಕಂಡದ್ದು ಒಂದು ಸ್ಟ್ರೆಚರ್. ಇಬ್ಬರು ಹಮಾಲರು ಕೆಳಗಿಟ್ಟು ಬೆವರು ಒರೆಸುತ್ತಿದ್ದರು. ಮೇಲೆ ಬಿಳಿ ಬಟ್ಟೆ. ಬಟ್ಟೆಯಲ್ಲಿ ಅಲ್ಲಲ್ಲಿ ಕೆಂಪು. ಜನ ಪಕ್ಕದಿಂದಲೇ ಹೋಗುತ್ತಿದ್ದರು, ಒಬ್ಬ ಬಾಳೆಹಣ್ಣು ತಿನ್ನುತ್ತಿದ್ದ.

"ಕೌನ್ ಹೈ?" ವಸಂತ ಕೇಳಿದ.

"ಬಾಯಿ ಹೈ. ಪಟರಿ ಪೇ," ಅಂದ ಹಮಾಲ. ಬಾಯಿ ಅಂದರೆ ಹೆಂಗಸು, ಪಟರಿ ಅಂದರೆ ಹಳಿ. ಅಷ್ಟು ಹಿಂದಿ ನನಗೂ ಗೊತ್ತು.

ವಸಂತ ಅಲ್ಲೇ ಕೂತುಬಿಟ್ಟ. ನಾನೇ ನೋಡಬೇಕಾಯಿತು. ಮುಖದ ಕಡೆ ಹೋಗಲು ಧೈರ್ಯ ಬರಲಿಲ್ಲ. ಕಾಲಿನ ಕಡೆ ಬಟ್ಟೆ ಸ್ವಲ್ಪ ಎತ್ತಿದೆ. ಬೆರಳಲ್ಲಿ ಬೆಳ್ಳಿಯ ಕಾಲುಂಗುರ. ದೊಡ್ಡವ್ವ ಕಾಲುಂಗುರ ತೆಗೆದು ಬಹಳ ವರ್ಷ ಆಗಿದೆ. ಬಟ್ಟೆ ಬಿಟ್ಟೆ. ಯಾರದೋ ಹೆಂಡತಿ ಅಲ್ಲಿ ಸತ್ತು ಮಲಗಿದ್ದಾಳೆ, ನನಗೆ ಖುಷಿಯಾಯಿತು. ಹಾಗೆ ಆಗಬಾರದಿತ್ತು, ಆಯಿತು.

ಪ್ಲಾಟ್‌ಫಾರ್ಮಿನ ತುದಿಯಿಂದ ಹಳಿಗೆ ಇಳಿದು ದಾದರ್ ಕಡೆಗೆ ನಡೆದೆವು. ಜಲ್ಲಿಕಲ್ಲು ಕಾಲಿಗೆ ಚುಚ್ಚುತ್ತಿತ್ತು. ಎರಡೂ ಕಡೆ ಗಿರಣಿಯ ಗೋಡೆ, ಗೋಡೆಗೆ ಒರಗಿದ ಝೋಪಡಿಗಳು, ಹಳಿಯ ಪಕ್ಕದಲ್ಲೇ ಒಣಹಾಕಿದ ಬಟ್ಟೆ. ಒಂದು ಗಿರಣಿಯ ಭೋಂಗಾ ಕೂಗಿತು. ನಾನು ಹಾರಿಬಿದ್ದೆ.

ದೂರದಲ್ಲಿ ಕೆಂಪು ಸೆರಗು ಕಂಡಿತು.

ಅವಳೇ. ಎರಡು ಹಳಿಗಳ ನಡುವೆ, ಅಡ್ಡಪಟ್ಟಿಯ ಮೇಲೆ ಒಂದೊಂದೇ ಹೆಜ್ಜೆ ಇಡುತ್ತ ಬರುತ್ತಿದ್ದಳು. ಮುಷ್ಟಿ ಎದೆಯ ಮೇಲೆ. ನೋಟ ನೆಲದ ಮೇಲೆ. ಅವಳ ಹಿಂದೆ, ತಿರುವಿನಲ್ಲಿ, ಲೋಕಲ್ ಗಾಡಿಯ ಮುಖ ಕಾಣಿಸಿತು. ಅದೇ ಹಳಿ.

ಗಾಡಿ ಕೂಗಿತು. ಅವಳು ತಿರುಗಲಿಲ್ಲ.

ಮತ್ತೆ ಕೂಗಿತು, ಉದ್ದಕ್ಕೆ. ಅವಳ ಹೆಗಲು ಬಿಗಿಯಾದದ್ದು ನನಗೆ ಅಲ್ಲಿಂದಲೇ ಕಂಡಿತು. ಕೇಳಿಸಿದೆ ಅವಳಿಗೆ. ಹಿಂದಿನಿಂದ ಕರೆಯುವುದು ಇನ್ನೂ ಬಿಟ್ಟಿಲ್ಲ ಅಂದುಕೊಂಡಿದ್ದಾಳೆ. ಹೆಜ್ಜೆ ಜೋರು ಮಾಡಿದಳು, ಅಷ್ಟೇ. ಗಾಡಿಯ ಮುಂದೆ ಗಾಡಿಯ ದಾರಿಯಲ್ಲೇ ಓಡುವವಳ ಹಾಗೆ.

ವಸಂತ ಕಣ್ಣು ಮುಚ್ಚಿಕೊಂಡು ಕಿರಿಚಿದ. ನಾನು ಓಡಿದೆ. ಓಡುತ್ತ ಎರಡೂ ಕೈ ಎತ್ತಿ, ಎಮ್ಮೆಯನ್ನು ದಾರಿಯಿಂದ ಬದಿಗೆ ಹೊಡೆಯುವಾಗ ಬೀಸುತ್ತೇವಲ್ಲ, ಹಾಗೆ ಬೀಸಿದೆ. "ಹೋಯ್! ಹೋಯ್! ಹೋಯ್!" ಅಂತ ಅದೇ ಕೂಗು. ಬೇರೆ ಮಾತು ಬರಲಿಲ್ಲ.

ಅವಳು ತಲೆ ಎತ್ತಿದಳು. ನನ್ನನ್ನು ಕಂಡಳು. ನಾನು ಕೈ ಬೀಸಿದ ಕಡೆಗೆ, ಎಮ್ಮೆ ಹೋಗುವ ಹಾಗೇ, ಬದಿಗೆ ಸರಿದಳು. ಕಾಲು ಜಾರಿ ಜಲ್ಲಿಯ ಮೇಲೆ ಮೊಣಕಾಲೂರಿ ಬಿದ್ದಳು. ಎಡಗೈ ಮಾತ್ರ ಮೇಲೆ ಎತ್ತಿ ಹಿಡಿದಿದ್ದಳು, ನೆಲಕ್ಕೆ ತಾಗದ ಹಾಗೆ. ಗಾಡಿ ನಮ್ಮಿಬ್ಬರ ನಡುವೆ ಹೋಯಿತು. ಎಷ್ಟು ಉದ್ದದ ಗಾಡಿ! ಕೊನೆಯ ಡಬ್ಬಿ ಹೋಗುವ ತನಕ ಅವಳು ಆಚೆ ಇದ್ದಾಳೋ ಇಲ್ಲವೋ ನನಗೆ ಗೊತ್ತಿರಲಿಲ್ಲ.

ಇದ್ದಳು. ಎದ್ದು ನಿಂತು ಸೆರಗು ಕೊಡವುತ್ತಿದ್ದಳು. ಮೊಣಕಾಲ ಹತ್ತಿರ ಸೀರೆ ಹರಿದಿತ್ತು. ನನ್ನನ್ನು ನೋಡಿದ ಕಣ್ಣಲ್ಲಿ ಬೈಗುಳ ತುಂಬಿತ್ತು, ಬಾಯಿ ಮಾತ್ರ ಮುಚ್ಚಿತ್ತು. ಅವಳ ಮುಂದೆ ನಡೆದೆ. ನನ್ನ ಅಂಗಿಯ ತುದಿ ಅವಳ ಬಲಗೈಗೆ ಸಿಕ್ಕಿತು.

ಚಾಳಿನ ಖೋಲಿ

ಗಂಗಕ್ಕ ಮೆಟ್ಟಿಲ ಮೇಲೆಯೇ ಕೂತು ಅಳುತ್ತಿದ್ದಳು. ಡಿಸೋಜಾ ಹೇಳಿಬಿಟ್ಟಿದ್ದ. ತಾಯಿಯನ್ನು ಕಂಡು "ಯವ್ವಾ" ಅಂತ ಬಂದಳು. ದೊಡ್ಡವ್ವ ಅವಳನ್ನು ಮೊಣಕೈಯಿಂದ ಸರಿಸಿ ಒಳಗೆ ಹೋದಳು. ಬೆನ್ನು ತಿರುಗಿಸಿ ಕೂತು, ಊರಿಂದ ತಂದ ಗುಂಡುಕಲ್ಲಿನಿಂದ ಅರೆದಳು. ಮಜ್ಜಿಗೆಯಲ್ಲಿ ಕಲಸಿದಳು.

ಔಷಧ ಖಾಲಿ ಹೊಟ್ಟೆಗೇ ಆಗಬೇಕು ಅಂತ ಮಾವ ಬೆಳಿಗ್ಗೆಯಿಂದ ಏನೂ ತಿನ್ನದೆ ಕೂತಿದ್ದ. "ಅತ್ತಿ, ಕಾಮಣಿ ಬಿಡು, ಹಸಿವಿಲೇ ಸಾಯ್ತಿದ್ದೆ," ಅಂದ.

ದೊಡ್ಡವ್ವ ಬಟ್ಟಲು ಅವನ ಬಾಯಿಗೆ ಹಿಡಿದಳು.

"ಕುಡಿ," ಅಂದಳು.

ಮೊದಲ ಮಾತು ಅದು. ಅವನು ಕುಡಿದ. ಖಾಲಿ ಬಟ್ಟಲು ಕೆಳಗಿಟ್ಟು ಅವಳು ನನ್ನ ಕಡೆ ತಿರುಗಿದಳು.

"ಮೂಳಾ! ಹೊಳ್ಳಿ ಬಾ ಅಂತ ಒದರ್ತೀಯಾ? ನಿನ್ನ ನಾಲಿಗಿಗೆ ಬೆಂಕಿ ಹಾಕ!"

ಬೈದಳು, ಇನ್ನೂ ಬೈದಳು. ಊರಿನ ದೊಡ್ಡವ್ವ ವಾಪಸು ಬಂದಿದ್ದಳು. ಗಂಗಕ್ಕ ಅಳುತ್ತ ನಗತೊಡಗಿದಳು. ವಸಂತ ಬಾಗಿಲ ಹೊರಗೆ ನಿಂತಿದ್ದ, ಒಳಗೆ ಬಂದಿರಲಿಲ್ಲ. ಡಿಸೋಜಾನ ಕ್ಯಾಮೆರಾ ಚೀಲದಲ್ಲೇ ಇತ್ತು.

"ಯಾಕಪಾ, ಮಿಶನ್ ಕೆಟ್ಟೈತೇನು?" ಕೇಳಿದಳು ದೊಡ್ಡವ್ವ.

"ಇಲ್ಲ ದೊಡ್ಡಮ್ಮಾ. ನಾನೇ ಬೇಡ ಅಂದೆ. ನನ್ನ ಶಾಟ್‌ಗೋಸ್ಕರ ನೀವು..." ಅವನಿಗೆ ಮುಂದೆ ಕನ್ನಡ ಸಿಗಲಿಲ್ಲ.

"ಮತ್ತ ಯಾತಕ್ಕ ಬಂದಿ? ಇದನ್ನ ತೆಗಿ." ಅವಳು ಎಡಗೈ ಚಾಚಿ ತೋರಿಸಿದಳು. ಬಿಗಿ ಹಿಡಿದು ಹಿಡಿದು ಉಗುರು ಅಂಗೈಯಲ್ಲಿ ಊರಿತ್ತು. ಹಸಿರು ರಸದಲ್ಲಿ ರಕ್ತ ಕಲೆತಿತ್ತು. ಡಿಸೋಜಾ ಕೀಲಿ ಕೊಟ್ಟು ಅದನ್ನು ತೆಗೆದ. ಈ ಸಲ ಕೀಲಿ ಮುಗಿಯಲಿಲ್ಲ.

ಔಷಧ ಮೂರು ಬೆಳಿಗ್ಗೆ ಕೊಡಬೇಕು. ಅವಳು ಮೊಣಕಾಲಿಗೆ ಅರಿಶಿನ ಹಚ್ಚಿಕೊಳ್ಳುತ್ತ ನನ್ನನ್ನು ಪಕ್ಕಕ್ಕೆ ಕರೆದಳು.

"ಗಾಡಿ ಹೊಡದ್ರ ಸಾಯ್ತಿದ್ದೆ. ಎಂದಾರ ಸಾಯೂದೈತಿ. ಆದ್ರ ಆ ಹೂವಿನಾಕಿ ಹಂತ್ಯಾಕ ಕುಂತಾಗ ಅಂಜಿದೆ ನೋಡು. ಈ ಔಷಧದ ವಿದ್ಯಾ ನನ್ನ ಸಂಗಾಟ ಹೋಗ್ತಿತ್ತು. ನಮ್ಮವ್ವ ನನಗ ಕೊಟ್ಟದ್ದು. ಹಿಂದ ಯಾರೂ ಇಲ್ಲ."

"ಗಂಗಕ್ಕಗ ಹೇಳು."

"ಆಕಿ ಬೊಂಬಾಯ್ದಾಕಿ. ಇಲ್ಲಿ ಹಾದ್ಯಾಗ ಬಾಯಿ ಮುಚ್ಚಿ ನಡದ್ರ ಏನಾಗ್ತೈತಿ ನೀನ ನೋಡ್ದಿ. ನೀ ಬಾ ನಾಳೆ."

"ನಾ ಒಲ್ಲೆ. ನನಗ ಬಾಯಿ ಮುಚ್ಚಿ ಇರಾಕ ಆಗಂಗಿಲ್ಲ."

"ಅದಂತೂ ಖರೇ," ಅಂದಳು ಗಂಗಕ್ಕ ಒಲೆಯ ಹತ್ತಿರದಿಂದ.

ದೊಡ್ಡವ್ವ ನಗಲಿಲ್ಲ. ನನ್ನನ್ನೇ ನೋಡಿದಳು. ಹಳಿಯ ಮೇಲೆ ಹಿಂದಿನಿಂದ ಗಾಡಿ ಕೂಗಿದಾಗ ಬಿಗಿಯಾಗಿದ್ದ ಆ ಹೆಗಲು ನನಗೆ ನೆನಪಾಯಿತು. ಹೂಂ ಅಂದೆ.

ಮರುದಿನ ಹೋದೆ, ಅದರ ಮರುದಿನವೂ ಹೋದೆ. ವಸಂತನೂ ಬಂದ, ಗುಡ್ಡದ ಕೆಳಗೇ ನಿಂತ, ಕ್ಯಾಮೆರಾ ತರಲಿಲ್ಲ. ದೊಡ್ಡವ್ವ ಗಿಡ ತೋರಿಸಿದಳು, ಕೀಳುವ ಮೊದಲೇ ಕಿವಿಯಲ್ಲಿ ಹೆಸರು ಹೇಳಿದಳು. ನಾನು ದಂಗಾದೆ. ನಮ್ಮೂರಲ್ಲಿ ಆಡು ಮೇಯುವ ಗಿಡ. ಅಷ್ಟೇ ಹೇಳುತ್ತೇನೆ, ಇನ್ನು ಕೇಳಬೇಡಿ. ಮಲ್ಲಪ್ಪ ಮಾವ ಆಮೇಲೆ ಎದ್ದು ಮೂಟೆ ಹೊತ್ತ. ಗುಳಿಗೆಯಿಂದ ಎದ್ದನೋ, ಇದರಿಂದ ಎದ್ದನೋ ನನಗೆ ತಿಳಿಯದು. ತಿಳಿದ ಹಾಗೆ ಬರೆಯುವುದೂ ಇಲ್ಲ. ವಸಂತನ ಚಿತ್ರದಲ್ಲಿ ಏನಿದೆಯೋ ನಾನು ನೋಡಿಲ್ಲ. ಒಂದು ಬೆನ್ನು, ಒಂದು ಮುಷ್ಟಿ, ಒಂದು ಅಂಗೈ ಇರಬೇಕು.

ವಾಪಸು ಗಾಡಿ

ಬರುವಾಗ ದೊಡ್ಡವ್ವನಿಗೆ ಮಲಗಲು ಜಾಗ ಸಿಕ್ಕಿತು. ಬಾಯಿ ತೆರೆದು ನಿದ್ದೆ ಹೋದಳು. ಎಷ್ಟೋ ದಿನದ ಭಾರ ಇಳಿಸಿದವಳ ಹಾಗೆ. ಡಬ್ಬಿಯ ತುಂಬ ನಮ್ಮ ಕಡೆಯ ಜನ, ಕನ್ನಡ ಬಲ್ಲವರು.

ಪಕ್ಕದಲ್ಲಿದ್ದ ಮುದುಕ ಸರಿದು ಜಾಗ ಮಾಡಿಕೊಟ್ಟ. "ಅಡ್ಡಾಗಪಾ ತಮ್ಮಾ. ಸೊಲ್ಲಾಪುರ ಬಂದಾಗ ಎಬ್ಬಸ್ತೀನಿ."

"ಬ್ಯಾಡ ಕಾಕಾ. ನಿದ್ದಿ ಬರೂದಿಲ್ಲ," ಅಂದೆ.

ಸುಳ್ಳು. ಕಣ್ಣು ಎಳೆಯುತ್ತಿತ್ತು. ಆದರೆ ನಾನು ನಿದ್ದೆಯಲ್ಲಿ ಮಾತಾಡುತ್ತೇನೆ ಅಂತ ನನ್ನ ತಾಯಿ ಯಾವಾಗಲೂ ಹೇಳುತ್ತಾಳೆ. ಹಗಲು ಕೇಳಿದ್ದನ್ನೆಲ್ಲ ಒದರುತ್ತೇನಂತೆ, ಹೆಸರು ಹಿಡಿದು. ನಾನು ಟವೆಲಿನ ತುದಿಯನ್ನು ಹಲ್ಲಿನ ನಡುವೆ ಕಚ್ಚಿ ಹಿಡಿದು, ಸೊಲ್ಲಾಪುರ ಬರುವ ತನಕ ಹಾಗೇ ಕೂತೆ.